ಹೇಳದೆ ಬಿಟ್ಟ ಪಾಠ

ಹಳೆಯ ಮೈಸೂರು ಸೀಮೆಯ ಹಳ್ಳಿಗಳಲ್ಲಿ ಹೆಣ್ಣುಮಗಳೊಬ್ಬಳು ಮೈನೆರೆದಳೆಂದರೆ ಆ ಸುದ್ದಿ ಒಂದು ಮನೆಯೊಳಗೆ ಉಳಿಯುತ್ತಿರಲಿಲ್ಲ. ಸೋದರಮಾವನು ಹಸಿರು ಸೊಪ್ಪನ್ನೂ ತೆಂಗಿನ ಗರಿಯನ್ನೂ ತಂದು ಗುಡ್ಲು ಕಟ್ಟುವನು. ಹುಡುಗಿಗೆ ಎಣ್ಣೆನೀರು ಹಾಕಿ, ಹೊಸ ಸೀರೆ ಉಡಿಸಿ, ಹಸೆಯ ಮೇಲೆ ಕೂರಿಸುವರು. ಮುತ್ತೈದೆಯರು ಆರತಿ ಬೆಳಗಿ, ಚಿಗಳಿ, ತಂಬಿಟ್ಟು, ಕೊಬ್ಬರಿ, ಬೆಲ್ಲಗಳನ್ನು ಮಡಿಲಿಗೆ ತುಂಬಿ ಸೋಬಾನೆ ಹೇಳುವರು. ಕೇರಿಯ ಮಕ್ಕಳಿಗೆ ಅಂದು ಸಿಹಿಯ ಸುಗ್ಗಿ. ಈ ಪದ್ಧತಿ ಇಂದಿಗೂ ಅಲ್ಲಲ್ಲಿ ಉಂಟು. ಸೊಪ್ಪಿನ ಗುಡ್ಲಿನ ಜಾಗದಲ್ಲಿ ಶಾಮಿಯಾನ ಬಂದಿದೆ. ಸೋಬಾನೆಯ ಜಾಗದಲ್ಲಿ ಧ್ವನಿವರ್ಧಕ ಬಂದಿದೆ. ಹುಡುಗಿಯ ಭಾವಚಿತ್ರವುಳ್ಳ ಫ್ಲೆಕ್ಸು ರಸ್ತೆಯ ತಿರುವಿನಲ್ಲಿ ನಿಂತು ಹೋಗಿ ಬರುವವರಿಗೆಲ್ಲ ಸಮಾರಂಭದ ಸುದ್ದಿಯನ್ನು ಸಾರುತ್ತದೆ.

ಇಷ್ಟೆಲ್ಲ ಸಡಗರದ ನಡುವೆ ಕುಳಿತ ಹನ್ನೆರಡು ಹದಿಮೂರರ ಆ ಬಾಲೆಗೆ ತನ್ನ ದೇಹದಲ್ಲಿ ನಡೆದದ್ದೇನೆಂದು ಯಾರಾದರೂ ತಿಳಿಸಿ ಹೇಳಿದರೇ ಎಂದು ಕೇಳಿದರೆ, ಬಹುಪಾಲು ಮನೆಗಳಲ್ಲಿ ಇಲ್ಲವೆಂದೇ ಉತ್ತರ ಬಂದೀತು. ಅದನ್ನು ಮುಟ್ಟಬೇಡ, ಇಲ್ಲಿಗೆ ಬರಬೇಡ, ಹುಡುಗರ ಜೊತೆ ಆಡಬೇಡ ಎಂಬ ಅಪ್ಪಣೆಗಳು ಮಾತ್ರ ಹೇರಳವಾಗಿ ದೊರೆತಿರುತ್ತವೆ. ರಕ್ತವನ್ನು ಕಂಡು ತನಗೆ ಯಾವುದೋ ಗಾಯವಾಗಿದೆಯೆಂದು, ಯಾವುದೋ ದೊಡ್ಡ ರೋಗ ತಗಲಿದೆಯೆಂದು ಬೆದರಿ, ಬಟ್ಟೆಯನ್ನು ಬಚ್ಚಿಟ್ಟು, ಎರಡು ದಿನ ಯಾರೊಡನೆಯೂ ಮಾತನಾಡದೆ ಕಳೆದ ಹುಡುಗಿಯರ ಸಂಖ್ಯೆ ಸಣ್ಣದಲ್ಲ. ಹುಡುಗಿ ದೊಡ್ಡವಳಾದ ಸಂಗತಿ ಊರಿಗೆಲ್ಲ ತಿಳಿದಿತ್ತು. ದೊಡ್ಡವಳಾಗುವುದೆಂದರೇನು ಎಂಬುದು ಅವಳೊಬ್ಬಳಿಗೆ ತಿಳಿದಿರಲಿಲ್ಲ.

ಹಿರಿಯರನ್ನು ಇದಕ್ಕಾಗಿ ಕಠಿನವಾಗಿ ದೂಷಿಸುವುದು ನ್ಯಾಯವಲ್ಲ. ಆ ತಾಯಿಗೂ ಅವಳ ತಾಯಿ ಹೇಳಿರಲಿಲ್ಲ. ಹೇಳಬೇಕೆಂದು ಮನಸ್ಸಿದ್ದರೂ ಆಡುವುದಕ್ಕೆ ಒಂದು ನೇರವಾದ ಮಾತು ಮನೆಯಲ್ಲಿ ಬಳಕೆಯಲ್ಲಿರಲಿಲ್ಲ. ಹೊರಗೆ ಕೂತಿದ್ದಾಳೆ, ದೂರವಾಗಿದ್ದಾಳೆ, ತಿಂಗಳದ್ದು ಎಂದೆಲ್ಲ ಮರೆಮಾಡಿ ಹೇಳುವ ನುಡಿಗಳೇ ಇದ್ದವು. ಅಕ್ಕನೇಕೆ ಮೂಲೆಯಲ್ಲಿ ಕುಳಿತಿದ್ದಾಳೆ ಎಂದು ಪುಟ್ಟ ತಮ್ಮನು ಕೇಳಿದರೆ, ಕಾಗೆ ಮುಟ್ಟಿದೆ ಎನ್ನುವರು. ಪಾಪ, ಮನುಷ್ಯರ ಸಂಕೋಚದ ಹೊರೆಯನ್ನು ತಲೆತಲಾಂತರದಿಂದ ಹೊತ್ತ ಪಕ್ಷಿ ಅದು! ಆ ತಮ್ಮನಾದರೂ ಸುಮ್ಮನಿರುವನೇ? ಒಂದೆರಡು ದಿನ ಕಾಗೆಗಳನ್ನು ಓಡಿಸಿ ನೋಡುವನು. ಬಳಿಕ ದೊಡ್ಡವರು ಏನನ್ನೋ ಬಚ್ಚಿಡುತ್ತಿದ್ದಾರೆಂದು ಅರಿಯುವನು. ಬಚ್ಚಿಡುವಂಥದು ಕೆಟ್ಟದ್ದೇ ಇರಬೇಕೆಂದು ತನಗೆ ತಾನೇ ನಿಶ್ಚಯಿಸಿಕೊಳ್ಳುವನು. ಹೀಗೆ ಮೌನವೂ ಪಾಠ ಕಲಿಸುತ್ತದೆ, ಮತ್ತು ಅದು ಕಲಿಸುವ ಪಾಠ ನಾಚಿಕೆಯದು. ಶರೀರದ ಬೆಳವಣಿಗೆಯನ್ನು ಕುರಿತು ಎಳೆಯರಿಗೆ ಕಾಲಕ್ಕೆ ಮುಂಚೆ, ನೇರವಾದ ಮಾತಿನಲ್ಲಿ, ಅವರು ನಂಬುವ ಹಿರಿಯರೇ ತಿಳಿಸಬೇಕೆಂಬ ವಾದಕ್ಕೆ ಮೊದಲ ಕಾರಣ ಇದೇ.

ಹುಡುಗಿಯ ಪಾಲಿಗೆ ಆರತಿಯಾದರೂ ಉಂಟು; ಹುಡುಗನ ಪಾಲಿಗೆ ಅದೂ ಇಲ್ಲ. ಬೆಳಗಿನ ಪ್ರಾರ್ಥನೆಯಲ್ಲಿ ಮುಂದೆ ನಿಂತು ಇಂಪಾಗಿ ಹಾಡುತ್ತಿದ್ದ ಹುಡುಗನ ಕೊರಳು ಒಂದು ದಿನ ಒಡೆದು ಕೀರಲಾಗುತ್ತದೆ. ತರಗತಿಯೆಲ್ಲ ನಗುತ್ತದೆ, ಮಾಸ್ತರರ ತುಟಿಯಲ್ಲಿಯೂ ನಗೆ ಸುಳಿಯುತ್ತದೆ. ಅವನು ಹಾಡುವುದನ್ನೇ ಬಿಟ್ಟು ಹಿಂದಿನ ಸಾಲಿಗೆ ಸರಿಯುತ್ತಾನೆ. ಮುಂದೆ ಒಂದು ರಾತ್ರಿ ನಿದ್ದೆಯಲ್ಲಿ ವೀರ್ಯ ತಾನಾಗಿ ಹೊರಬಂದು ಬಟ್ಟೆ ಒದ್ದೆಯಾಗುತ್ತದೆ. ಇದು ಬೆಳೆಯುವ ಹುಡುಗರಲ್ಲಿ ಸಹಜವಾದ ಸಂಗತಿ, ಇದರಿಂದ ಮೈಯ ಶಕ್ತಿ ಎಳ್ಳಷ್ಟೂ ಕುಂದುವುದಿಲ್ಲ ಎಂಬ ಎರಡು ವಾಕ್ಯಗಳನ್ನು ಅವನ ತಂದೆಯಾಗಲಿ ಅಣ್ಣನಾಗಲಿ ಹೇಳಿದ್ದರೆ ಅವನು ಹಾಯಾಗಿ ಮಲಗುತ್ತಿದ್ದನು. ಹೇಳುವವರು ಯಾರೂ ಇಲ್ಲವಾದ್ದರಿಂದ ಬಸ್ಸು ನಿಲ್ದಾಣದ ಗೋಡೆಯೇ ಅವನಿಗೆ ಗುರುವಾಗುತ್ತದೆ. ಗುಪ್ತರೋಗ, ನರದೌರ್ಬಲ್ಯ, ಶಕ್ತಿಹೀನತೆ ಎಂದು ದಪ್ಪಕ್ಷರಗಳಲ್ಲಿ ಬರೆದು, ವಸತಿಗೃಹದ ಕೋಣೆಯ ಸಂಖ್ಯೆಯನ್ನೂ ಬರುವ ವಾರವನ್ನೂ ತಿಳಿಸುವ ಆ ಜಾಹೀರಾತುಗಳು ಹುಡುಗರ ಅಜ್ಞಾನದಿಂದಲೇ ಅನ್ನ ಸಂಪಾದಿಸುತ್ತಿವೆ. ಇಲ್ಲದ ರೋಗಕ್ಕೆ ಲೇಹ್ಯ ಕೊಂಡು ಹಣ ಕಳೆದುಕೊಂಡವರುಂಟು. ತಾನು ಯಾವುದಕ್ಕೂ ಬಾರದವನೆಂದು ಕೊರಗಿ ಓದನ್ನು ಹಾಳುಮಾಡಿಕೊಂಡವರೂ ಉಂಟು.

ಹಾಗಾದರೆ ಹೇಳಬೇಕಾದ ವಿಷಯವಾದರೂ ಎಷ್ಟು ದೊಡ್ಡದು? ಮಿದುಳಿನ ತಳಭಾಗದಲ್ಲಿ ಹೈಪೋಥಲಾಮಸ್ ಎಂಬ ಭಾಗವೊಂದಿದೆ. ಬಾಲ್ಯವು ಮುಗಿಯುತ್ತ ಬಂದಾಗ ಅದು ತನ್ನ ಕೆಳಗಿರುವ, ಬಟಾಣಿ ಕಾಳಿನ ಗಾತ್ರದ ಪಿಟ್ಯುಟರಿ ಗ್ರಂಥಿಗೆ ಸೂಚನೆ ಕಳುಹಿಸತೊಡಗುತ್ತದೆ. ಆ ಗ್ರಂಥಿಯು ಸ್ರವಿಸಿದ ಹಾರ್ಮೋನುಗಳು ರಕ್ತದಲ್ಲಿ ಸೇರಿ, ಹುಡುಗಿಯರಲ್ಲಿ ಅಂಡಾಶಯಗಳನ್ನೂ ಹುಡುಗರಲ್ಲಿ ವೃಷಣಗಳನ್ನೂ ಎಚ್ಚರಿಸುತ್ತವೆ. ಅಂಡಾಶಯದಿಂದ ಈಸ್ಟ್ರೋಜನ್, ವೃಷಣದಿಂದ ಟೆಸ್ಟೋಸ್ಟಿರಾನ್ ಎಂಬ ಹಾರ್ಮೋನುಗಳು ಹೊರಡುತ್ತವೆ. ಹುಡುಗಿಯರಲ್ಲಿ ಸಾಮಾನ್ಯವಾಗಿ ೮ರಿಂದ ೧೩ ವರ್ಷದೊಳಗೆ, ಹುಡುಗರಲ್ಲಿ ೯ರಿಂದ ೧೪ ವರ್ಷದೊಳಗೆ ಈ ಕಾರ್ಯವು ಮೊದಲಾಗುತ್ತದೆ. ಎತ್ತರ ಬೆಳೆಯುವುದು, ಕಂಕುಳಲ್ಲಿ ಮತ್ತು ಜನನಾಂಗದ ಸುತ್ತ ಕೂದಲು ಮೂಡುವುದು, ಹುಡುಗಿಯರಿಗೆ ಸ್ತನಗಳು ಬೆಳೆಯುವುದು, ಹುಡುಗರ ಧ್ವನಿಪೆಟ್ಟಿಗೆ ದೊಡ್ಡದಾಗಿ ಕೊರಳು ಒಡೆಯುವುದು, ಚರ್ಮದ ತೈಲಗ್ರಂಥಿಗಳು ಚುರುಕಾಗಿ ಮುಖದಲ್ಲಿ ಮೊಡವೆ ಏಳುವುದು, ಇವೆಲ್ಲವೂ ಆ ಹಾರ್ಮೋನುಗಳ ಕೆಲಸ. ನಿಷ್ಕಾರಣವಾಗಿ ಸಿಟ್ಟು ಬರುವುದು, ಕನ್ನಡಿಯ ಮುಂದೆ ಹೆಚ್ಚು ಹೊತ್ತು ನಿಲ್ಲುವುದು, ಒಂದು ಮುಖವನ್ನು ಮತ್ತೆ ಮತ್ತೆ ನೋಡಬೇಕೆನಿಸುವುದು, ಇವೂ ಅದೇ ಕಾಲದ ಮಾತುಗಳೇ.

ಮುಟ್ಟಿನ ವಿಷಯವೂ ಅಷ್ಟೇ ಸರಳ. ಗರ್ಭಕೋಶವು ಶಿಶುವಿಗೆಂದು ತಿಂಗಳು ತಿಂಗಳೂ ತನ್ನೊಳಗೆ ರಕ್ತಪುಷ್ಟವಾದ ಮೆತ್ತನೆಯ ಪದರವೊಂದನ್ನು ಸಿದ್ಧಗೊಳಿಸುತ್ತದೆ. ಗರ್ಭ ನಿಲ್ಲದಿದ್ದಾಗ ಆ ಪದರವು ಬೇಕಾಗುವುದಿಲ್ಲ. ಅದು ಕಳಚಿ ರಕ್ತದೊಡನೆ ಹೊರಗೆ ಹೋಗುತ್ತದೆ. ಎರಡರಿಂದ ಏಳು ದಿನ ಇದು ನಡೆಯುತ್ತದೆ. ಹೋಗುವ ರಕ್ತವು ಸಾಮಾನ್ಯವಾಗಿ ೩೦ರಿಂದ ೪೦ ಮಿಲಿಲೀಟರು, ಎಂದರೆ ಅರ್ಧ ಕಾಫಿ ಲೋಟದಷ್ಟೂ ಇಲ್ಲ. ಮೊದಲ ಒಂದೆರಡು ವರ್ಷ ಲೆಕ್ಕ ತಪ್ಪಿ ಬರುವುದುಂಟು. ಒಂದು ಮುಟ್ಟಿನಿಂದ ಮತ್ತೊಂದಕ್ಕೆ ೨೧ರಿಂದ ೪೫ ದಿನ ಹಿಡಿದರೂ ಹೆದರಬೇಕಾಗಿಲ್ಲ. ಮಗುವಿಗೆ ಹಾಸಿಗೆಯಾಗಬೇಕೆಂದು ಸಿದ್ಧವಾದ ವಸ್ತು ಮೈಲಿಗೆಯಾದದ್ದು ಹೇಗೆಂಬುದನ್ನು ಮಾತ್ರ ಯಾವ ಶರೀರಶಾಸ್ತ್ರವೂ ವಿವರಿಸಲಾರದು. ಉಪ್ಪಿನಕಾಯಿಯ ಭರಣಿ ಮುಟ್ಟಿದರೆ ಬೂಸಲು ಹಿಡಿಯುವುದು, ತುಳಸಿಯನ್ನು ಮುಟ್ಟಿದರೆ ಗಿಡ ಒಣಗುವುದು ಎಂಬ ಮಾತುಗಳನ್ನು ಪರೀಕ್ಷಿಸಿ ನೋಡಲು ಯಾವ ಪ್ರಯೋಗಶಾಲೆಯೂ ಬೇಕಿಲ್ಲ; ಒಂದು ಭರಣಿ, ಒಂದು ಗಿಡ ಸಾಕು.

ಎಲ್ಲರ ದೇಹವೂ ಒಂದೇ ಗಡಿಯಾರವನ್ನು ನೋಡಿ ನಡೆಯುವುದಿಲ್ಲವೆಂಬುದನ್ನು ಇದರೊಡನೆ ಹೇಳದಿದ್ದರೆ ಅರ್ಧ ಹೇಳಿದಂತೆಯೇ. ಒಂಬತ್ತನೆಯ ತರಗತಿಯ ಒಂದೇ ಬೆಂಚಿನಲ್ಲಿ ಮೀಸೆ ಮೂಡಿದವನೂ ಮಗುವಿನ ಮುಖದವನೂ ಅಕ್ಕಪಕ್ಕದಲ್ಲಿ ಕುಳಿತಿರುತ್ತಾರೆ. ನಾಲ್ಕನೆಯ ತರಗತಿಯಲ್ಲೇ ಮೈನೆರೆದವಳಿಗೆ ಬೇಗ ಆಯಿತೆಂಬ ಅಳುಕು, ಒಂಬತ್ತಕ್ಕೆ ಬಂದರೂ ಆಗದವಳಿಗೆ ತಡವಾಯಿತೆಂಬ ಅಳುಕು. ಇವರಲ್ಲಿ ಬಹುಮಂದಿಗೆ ಯಾವ ತೊಂದರೆಯೂ ಇರುವುದಿಲ್ಲ. ೧೫ ವರ್ಷ ತುಂಬಿದರೂ ಮುಟ್ಟಾಗದಿದ್ದರೆ, ೧೪ ತುಂಬಿದರೂ ಹುಡುಗನಲ್ಲಿ ಬೆಳವಣಿಗೆಯ ಯಾವ ಚಿಹ್ನೆಯೂ ತೋರದಿದ್ದರೆ, ರಕ್ತಸ್ರಾವ ಏಳು ದಿನಕ್ಕೂ ಮೀರಿ ನಡೆದರೆ ಅಥವಾ ಶಾಲೆಗೆ ಬರಲಾರದಷ್ಟು ಹೊಟ್ಟೆನೋವು ತಿಂಗಳು ತಿಂಗಳೂ ಕಾಡಿದರೆ ವೈದ್ಯರ ಬಳಿಗೆ ಹೋಗಬೇಕು. ೧೦ರಿಂದ ೧೯ ವರ್ಷದವರಿಗಾಗಿ ೨೦೧೪ರಲ್ಲಿ ಕೇಂದ್ರ ಸರ್ಕಾರ ಆರಂಭಿಸಿದ ಕಾರ್ಯಕ್ರಮದಂತೆ ಕರ್ನಾಟಕದ ಸರ್ಕಾರಿ ಆಸ್ಪತ್ರೆಗಳಲ್ಲಿ ‘ಸ್ನೇಹ ಕ್ಲಿನಿಕ್’ ಎಂಬ ಹೆಸರಿನ ಕೇಂದ್ರಗಳು ತೆರೆದಿವೆ. ಶಾಲೆಯಲ್ಲಿ ವಾರಕ್ಕೊಮ್ಮೆ ಕೊಡುವ ನೀಲಿ ಬಣ್ಣದ ಕಬ್ಬಿಣಾಂಶದ ಮಾತ್ರೆಯೂ ಈ ವಯಸ್ಸಿನ ರಕ್ತಹೀನತೆಯನ್ನು ತಡೆಯುವುದಕ್ಕಾಗಿಯೇ ಬಂದದ್ದು. ಅದರ ಉದ್ದೇಶವನ್ನು ಬಿಡಿಸಿ ಹೇಳದಿರುವುದರಿಂದಲೇ ಎಷ್ಟೋ ಮಾತ್ರೆಗಳು ಮಕ್ಕಳ ಹೊಟ್ಟೆಯನ್ನು ಸೇರದೆ ಕಿಟಕಿಯ ಹೊರಗಿನ ಹುಲ್ಲನ್ನು ಸೇರುತ್ತವೆ.

ಇಂಥ ವಿಷಯಗಳನ್ನು ಬಾಯಿಬಿಟ್ಟು ಆಡುವುದು ನಮ್ಮ ಸಂಸ್ಕೃತಿಗೆ ಒಗ್ಗದೆಂದೂ, ಅದು ಪಶ್ಚಿಮದ ಗಾಳಿಯೆಂದೂ ಹೇಳುವವರಿದ್ದಾರೆ. ಅವರು ಕನ್ನಡ ನಾಡಿನ ಚರಿತ್ರೆಯನ್ನು ಒಮ್ಮೆ ತಿರುವಿ ನೋಡುವುದೊಳಿತು. ಹನ್ನೆರಡನೆಯ ಶತಮಾನದ ಶರಣರು ತಳ್ಳಿಹಾಕಿದ ಐದು ಸೂತಕಗಳಲ್ಲಿ ರಜಸ್ಸೂತಕವೂ ಒಂದು. ಮುಟ್ಟಾದ ಹೆಣ್ಣು ಪೂಜೆಗೆ ಅನರ್ಹಳಲ್ಲವೆಂದು ಎಂಟುನೂರು ವರ್ಷಗಳ ಹಿಂದೆಯೇ ಸಾರಿದ ನಾಡು ಇದು. ಅದೇ ನಾಡಿನ ತುಮಕೂರು, ಚಿತ್ರದುರ್ಗ ಜಿಲ್ಲೆಗಳ ಕೆಲವು ಹಟ್ಟಿಗಳಲ್ಲಿ ಮುಟ್ಟಾದವರನ್ನೂ ಬಾಣಂತಿಯರನ್ನೂ ಊರ ಹೊರಗಿರಿಸುವ ರೂಢಿ ಇಪ್ಪತ್ತೊಂದನೆಯ ಶತಮಾನದಲ್ಲಿಯೂ ಉಳಿದು, ಹೆಂಗಸರನ್ನು ಹೀಗೆ ಪ್ರತ್ಯೇಕವಾಗಿಡುವುದನ್ನು ಅಮಾನವೀಯ ಪದ್ಧತಿಗಳ ಪಟ್ಟಿಗೆ ಸೇರಿಸಿ ೨೦೧೭ರಲ್ಲಿ ಕಾಯ್ದೆಯನ್ನೇ ಮಾಡಬೇಕಾಯಿತೆಂಬುದೂ ಸತ್ಯ. ೧೯೩೦ರಲ್ಲಿ, ಈ ಮಾತನ್ನೆತ್ತಲು ಅನೇಕ ದೇಶಗಳು ಹಿಂಜರಿಯುತ್ತಿದ್ದಾಗ, ಮೈಸೂರು ಸಂಸ್ಥಾನವು ಸರ್ಕಾರದ ವತಿಯಿಂದಲೇ ಸಂತಾನ ನಿಯಂತ್ರಣದ ಚಿಕಿತ್ಸಾಲಯವನ್ನು ತೆರೆಯಿತು.

ನೆರೆಯ ಮಹಾರಾಷ್ಟ್ರದಲ್ಲಿ ಮಹರ್ಷಿ ಧೋಂಡೊ ಕೇಶವ ಕರ್ವೆಯವರ ಮಗ ರಘುನಾಥ ಕರ್ವೆಯವರು ೧೯೨೭ರಿಂದ ೧೯೫೩ರಲ್ಲಿ ತೀರಿಕೊಳ್ಳುವವರೆಗೂ ‘ಸಮಾಜ ಸ್ವಾಸ್ಥ್ಯ’ವೆಂಬ ಮರಾಠಿ ಮಾಸಪತ್ರಿಕೆಯನ್ನು ನಡೆಸಿ, ಈ ವಿಷಯದಲ್ಲಿ ಓದುಗರು ಕೇಳಿದ ಪ್ರಶ್ನೆಗಳಿಗೆ ಮುಚ್ಚುಮರೆಯಿಲ್ಲದೆ ಉತ್ತರಿಸುತ್ತಿದ್ದರು. ಅವರು ಗಣಿತದ ಪ್ರಾಧ್ಯಾಪಕರು. ಈ ಹಟದಿಂದಾಗಿ ಕಾಲೇಜಿನ ಕೆಲಸವನ್ನು ಕಳೆದುಕೊಂಡವರು. ಆ ಉತ್ತರಗಳು ಅಶ್ಲೀಲವೆಂದು ಮೊಕದ್ದಮೆ ಹೂಡಿದಾಗ ೧೯೩೪ರಲ್ಲಿ ಅವರ ಪರವಾಗಿ ನ್ಯಾಯಾಲಯದಲ್ಲಿ ವಾದಿಸಿದವರು ಡಾ. ಬಿ. ಆರ್. ಅಂಬೇಡ್ಕರ್. ಮೊಕದ್ದಮೆಯಲ್ಲಿ ಕರ್ವೆಯವರು ಸೋತರು. ಪತ್ರಿಕೆಯನ್ನು ಮಾತ್ರ ನಿಲ್ಲಿಸಲಿಲ್ಲ. ಕನ್ನಡದಲ್ಲಿ ಆ ಕೆಲಸವನ್ನು ಮೃದುವಾಗಿ, ಮನೆಯ ಹಿರಿಯಕ್ಕನ ಸಲುಗೆಯಿಂದ ಮಾಡಿದವರು ಡಾ. ಅನುಪಮಾ ನಿರಂಜನ. ವೃತ್ತಿಯಿಂದ ವೈದ್ಯೆಯೂ ಪ್ರವೃತ್ತಿಯಿಂದ ಕಾದಂಬರಿಕಾರ್ತಿಯೂ ಆಗಿದ್ದ ಅವರು ಹದಿಹರೆಯದ ಹುಡುಗಿಯರಿಗಾಗಿ ‘ಕೇಳು ಕಿಶೋರಿ’ ಎಂಬ ಪುಸ್ತಕವನ್ನು ಬರೆದರು. ಹುಡುಗರಿಗಾಗಿ ಅಷ್ಟೇ ಆಪ್ತವಾದ ಪುಸ್ತಕವೊಂದು ಅಷ್ಟೇ ಮನೆಮಾತಾಗಿದ್ದರೆ ಚೆನ್ನಾಗಿತ್ತು.

ಶಾಲೆಯ ಕಥೆ ಇದಕ್ಕಿಂತ ಏರುಪೇರಿನದು. ೨೦೦೫ರಲ್ಲಿ ಕೇಂದ್ರ ಸರ್ಕಾರವು ರಾಷ್ಟ್ರೀಯ ಏಡ್ಸ್ ನಿಯಂತ್ರಣ ಸಂಸ್ಥೆಯೊಡನೆ ಸೇರಿ ಹದಿಹರೆಯ ಶಿಕ್ಷಣ ಕಾರ್ಯಕ್ರಮವನ್ನು ಪ್ರೌಢಶಾಲೆಗಳಿಗೆ ತಂದಿತು. ಅದರ ಕೈಪಿಡಿಗಳ ಚಿತ್ರಗಳನ್ನು ಕಂಡು ಹಲವೆಡೆ ಗದ್ದಲವೆದ್ದಿತು. ೨೦೦೭ರಲ್ಲಿ ಕರ್ನಾಟಕ, ಮಹಾರಾಷ್ಟ್ರ, ಗುಜರಾತ್, ಮಧ್ಯಪ್ರದೇಶ ಮೊದಲಾದ ರಾಜ್ಯಗಳು ಅದನ್ನು ತಡೆಹಿಡಿದವು. ಅಂದು ವಿರೋಧಿಸಿದ ತಂದೆತಾಯಿಗಳೆಲ್ಲ ಮೂಢರೆಂದು ಹೇಳುವುದು ಸಲ್ಲದು. ಶಿಕ್ಷಕರಿಗೆ ಸಾಕಷ್ಟು ತರಬೇತಿ ಕೊಡದೆ, ಮನೆಯವರೊಡನೆ ಒಂದು ಸಭೆಯನ್ನೂ ನಡೆಸದೆ, ಪಟಗಳನ್ನು ಬಿಚ್ಚಿ ತೋರಿಸಿದರೆ ಯಾರಿಗಾದರೂ ಕಸಿವಿಸಿಯಾಗುವುದು ಸಹಜವೇ. ಹೇಳಿದ ರೀತಿಯನ್ನು ತಿದ್ದಬೇಕಾಗಿತ್ತು. ಹೇಳುವುದನ್ನೇ ನಿಲ್ಲಿಸಿದ್ದು ತಪ್ಪಾಯಿತು. ನೆಗಡಿಯಾಯಿತೆಂದು ಮೂಗನ್ನೇ ಕೊಯ್ದರು ಎನ್ನುವ ಗಾದೆಗೆ ಇದಕ್ಕಿಂತ ಒಳ್ಳೆಯ ಉದಾಹರಣೆ ದೊರಕುವುದು ಕಷ್ಟ.

ಎಳೆಯರಿಗೆ ಈ ತಿಳಿವಳಿಕೆ ಕೊಟ್ಟರೆ ಅವರು ಕೆಟ್ಟ ದಾರಿ ಹಿಡಿಯುವರೆಂಬುದು ವಿರೋಧಿಗಳ ಮುಖ್ಯವಾದ ಭಯ. ಆ ಭಯವನ್ನು ಹಲವು ದೇಶಗಳಲ್ಲಿ ಪರೀಕ್ಷಿಸಿ ನೋಡಲಾಗಿದೆ. ಯುನೆಸ್ಕೊ ಸಂಸ್ಥೆಯು ೨೦೦೯ರಲ್ಲಿ ಪ್ರಕಟಿಸಿ ೨೦೧೮ರಲ್ಲಿ ಪರಿಷ್ಕರಿಸಿದ ಮಾರ್ಗದರ್ಶಿಯು ಅಂಥ ಅಧ್ಯಯನಗಳನ್ನೆಲ್ಲ ಕ್ರೋಡೀಕರಿಸಿದೆ. ಇಂಥ ಶಿಕ್ಷಣವು ಎಳೆಯರನ್ನು ಆತುರಕ್ಕೆ ದೂಡುವುದಿಲ್ಲ. ಅವರಲ್ಲಿ ಎಚ್ಚರವನ್ನು ಹೆಚ್ಚಿಸುತ್ತದೆ ಎಂಬುದು ಅದರ ಸಾರ. ೨೦೨೦ರಲ್ಲಿ ಭಾರತ ಸರ್ಕಾರವು ಆರಂಭಿಸಿದ ಶಾಲಾ ಆರೋಗ್ಯ ಕಾರ್ಯಕ್ರಮದಲ್ಲಿ ಬೆಳವಣಿಗೆಯೂ ಪರಸ್ಪರ ಸಂಬಂಧಗಳೂ ಪಾಠದ ವಿಷಯಗಳಾಗಿವೆ. ಪ್ರತಿ ಶಾಲೆಯಲ್ಲಿ ಇಬ್ಬರು ಶಿಕ್ಷಕರು, ಸಾಧ್ಯವಾದಷ್ಟೂ ಒಬ್ಬ ಗಂಡಸು ಒಬ್ಬ ಹೆಂಗಸು, ಇದಕ್ಕೆ ತರಬೇತಿ ಪಡೆಯಬೇಕೆಂದು ಅದು ಗೊತ್ತುಪಡಿಸಿದೆ. ೨೦೨೪ರಲ್ಲಿ ಸರ್ವೋಚ್ಚ ನ್ಯಾಯಾಲಯವೂ ತೀರ್ಪೊಂದರಲ್ಲಿ ಇಂಥ ಶಿಕ್ಷಣದ ಅಗತ್ಯವನ್ನು ಎತ್ತಿ ಹೇಳಿತು. ಕಾಗದದ ಮೇಲೆ ಕೊರತೆಯೇನೂ ಉಳಿದಿಲ್ಲ. ಆದರೂ ವಿಜ್ಞಾನದ ಪುಸ್ತಕದಲ್ಲಿ ಸಂತಾನೋತ್ಪತ್ತಿಯ ಅಧ್ಯಾಯ ಬಂದೊಡನೆ, ಇದನ್ನು ಮನೆಯಲ್ಲಿ ಓದಿಕೊಂಡು ಬನ್ನಿ ಎಂದು ಹೇಳಿ ಮುಂದಿನ ಅಧ್ಯಾಯಕ್ಕೆ ಹಾರುವ ಅಭ್ಯಾಸ ಅನೇಕ ತರಗತಿಗಳಲ್ಲಿ ಇನ್ನೂ ಇದೆ. ದಾಸವಾಳದ ಹೂವಿನ ಭಾಗಗಳನ್ನು ಎರಡು ಗಂಟೆ ವಿವರಿಸುವ ಅಧ್ಯಾಪಕರಿಗೆ ಮನುಷ್ಯನ ದೇಹದ ಪುಟ ಬಂದಾಗ ಮಾತ್ರ ಗಂಟಲು ಒಣಗುತ್ತದೆ.

ಹಾಗೆ ಹಾರಿದ ಅಧ್ಯಾಯವನ್ನು ಮಕ್ಕಳೇನೂ ಓದದೆ ಬಿಡುವುದಿಲ್ಲ. ಒಂದು ಕಾಲದಲ್ಲಿ ಹಳದಿ ಹಾಳೆಯ ಪುಸ್ತಕಗಳು ಕೈಯಿಂದ ಕೈಗೆ ಸಾಗುತ್ತಿದ್ದವು. ಈಗ ಜೇಬಿನೊಳಗಿನ ಮೊಬೈಲು ಸಾಕು. ಅದರಲ್ಲಿ ದೊರೆಯುವ ಚಿತ್ರಗಳಲ್ಲಿ ಬಹುಪಾಲು ಹಣಕ್ಕಾಗಿ ನಟಿಸಿ ತೆಗೆದವು. ಅಲ್ಲಿ ಒಬ್ಬರು ಇನ್ನೊಬ್ಬರನ್ನು ನಿನಗೆ ಇಷ್ಟವೇ ಎಂದು ಕೇಳುವುದಿಲ್ಲ. ನೋವಾಯಿತೇ ಎಂದು ವಿಚಾರಿಸುವುದಿಲ್ಲ. ನಾಳೆ ಏನು ಎಂಬ ಚಿಂತೆ ಯಾರಿಗೂ ಇಲ್ಲ. ಗಂಡುಹೆಣ್ಣಿನ ಸಂಬಂಧವೆಂದರೆ ಇದೇ ಎಂದು ನಂಬಿ ಬೆಳೆದ ಹುಡುಗನು ಮುಂದೆ ತನ್ನ ಹೆಂಡತಿಯನ್ನೂ ತನ್ನ ಸಹೋದ್ಯೋಗಿಗಳನ್ನೂ ಯಾವ ಕಣ್ಣಿನಿಂದ ನೋಡಿಯಾನು? ಶರೀರವಿಜ್ಞಾನವನ್ನು ಮಾತ್ರ ಬೋಧಿಸಿ ಕೈತೊಳೆದುಕೊಳ್ಳಲಾಗದು ಎನ್ನುವುದು ಈ ಕಾರಣದಿಂದಲೇ. ಹಾರ್ಮೋನುಗಳ ಹೆಸರುಗಳನ್ನು ಒಪ್ಪಿಸಬಲ್ಲ ಹುಡುಗನಿಗೆ ಎದುರಿನವರ ಮನಸ್ಸನ್ನು ಕೇಳುವ ಸೌಜನ್ಯ ತಾನಾಗಿಯೇ ಬರುವುದಿಲ್ಲ.

ಮಹಾಭಾರತದ ಅಂಬೆಯ ಕಥೆಯನ್ನು ಬಲ್ಲವರು ಇದನ್ನು ಸುಲಭವಾಗಿ ಗ್ರಹಿಸಬಹುದು. ಕಾಶೀರಾಜನ ಮೂವರು ಹೆಣ್ಣುಮಕ್ಕಳನ್ನು ಭೀಷ್ಮನು ತನ್ನ ತಮ್ಮನಿಗಾಗಿ ರಥದಲ್ಲಿ ಹಾಕಿಕೊಂಡು ಬಂದನು. ನಿಮ್ಮ ಮನಸ್ಸಿನಲ್ಲೇನಿದೆ ಎಂದು ಮೊದಲು ಕೇಳಲಿಲ್ಲ. ತಾನು ಸಾಲ್ವನನ್ನು ಮನಸಾರೆ ವರಿಸಿದ್ದೇನೆಂದು ಅಂಬೆ ಬಳಿಕ ಹೇಳಿದಾಗ ಅವಳನ್ನು ಕಳುಹಿಸಿಕೊಟ್ಟನು. ಗೆದ್ದು ಒಯ್ದವಳನ್ನು ಸಾಲ್ವನು ಒಲ್ಲೆನೆಂದನು. ಮುಂದಿನ ಅನರ್ಥಗಳೆಲ್ಲ ತಿಳಿದವೇ. ಭೀಷ್ಮನು ದುಷ್ಟನಲ್ಲ, ಹಿರಿಯನು, ವ್ರತಸ್ಥನು, ಲೋಕಪೂಜ್ಯನು. ಕೇಳಬೇಕೆಂಬುದು ಅಂಥವನಿಗೂ ಹೊಳೆಯಲಿಲ್ಲವೆಂಬುದೇ ಆ ಕಥೆಯ ದಾರುಣವಾದ ಭಾಗ.

ಇಂದಿನ ಚಲನಚಿತ್ರಗಳ ನಾಯಕರಲ್ಲಿ ಭೀಷ್ಮನ ಗುಣಗಳು ಇಲ್ಲವಾದರೂ ಈ ಒಂದು ದೋಷ ಮಾತ್ರ ಧಾರಾಳವಾಗಿದೆ. ನಾಯಕಿ ಬೇಡವೆನ್ನುತ್ತಾಳೆ, ನಾಯಕ ಹಿಂದೆ ಬೀಳುತ್ತಾನೆ, ಅವಳ ದಾರಿಗೆ ಅಡ್ಡ ನಿಲ್ಲುತ್ತಾನೆ, ಹಾಡುತ್ತಾನೆ, ಕೈ ಕುಯ್ದುಕೊಳ್ಳುತ್ತಾನೆ, ಕೊನೆಯ ರೀಲಿನಲ್ಲಿ ಅವಳು ಒಪ್ಪಿ ನಗುತ್ತಾಳೆ. ಇದನ್ನೇ ಪಾಠವಾಗಿ ಕಲಿತ ಹುಡುಗನಿಗೆ ಬೇಡವೆಂಬ ಮಾತು ಇನ್ನೂ ಸ್ವಲ್ಪ ಒತ್ತಾಯಿಸು ಎಂಬಂತೆ ಕೇಳಿಸುತ್ತದೆ. ನಿರಾಕರಣೆಯನ್ನು ಕೇಳಿ, ನೊಂದು, ಆ ನೋವನ್ನು ನುಂಗಿಕೊಂಡು ಮರುದಿನ ಎಂದಿನಂತೆ ಶಾಲೆಗೆ ಬರುವ ಶಕ್ತಿಯೂ ಗಂಡಸುತನವೇ ಎಂದು ಅವನಿಗೆ ಯಾರೂ ಹೇಳಿಲ್ಲ. ಹಾಗೆಯೇ, ಸಂಕೋಚಪಡದೆ, ತಪ್ಪಿತಸ್ಥಳಂತೆ ತಲೆತಗ್ಗಿಸದೆ ನನಗೆ ಇಷ್ಟವಿಲ್ಲ ಎಂದು ಹೇಳುವುದನ್ನು ಹುಡುಗಿಗೂ ಯಾರೂ ಅಭ್ಯಾಸ ಮಾಡಿಸಿಲ್ಲ. ಹಿರಿಯರು ಹೇಳಿದ್ದಕ್ಕೆಲ್ಲ ಹೂಂ ಎನ್ನುವ ಮಗುವನ್ನು ಒಳ್ಳೆಯ ಮಗುವೆಂದು ಹೊಗಳುವ ಮನೆಗಳಲ್ಲಿ, ಹಿರಿಯನೊಬ್ಬನು ಸಲ್ಲದ ರೀತಿಯಲ್ಲಿ ಮೈಮುಟ್ಟಿದಾಗಲೂ ಆ ಮಗುವಿನ ಬಾಯಿಂದ ಊಹೂಂ ಎಂಬ ಮಾತು ಹೊರಡುವುದು ಕಷ್ಟ.

ಆ ಅಪಾಯವು ಹುಡುಗಿಯರಿಗೆ ಮಾತ್ರ ಇರುವಂಥದಲ್ಲ. ೨೦೧೨ರಲ್ಲಿ ಜಾರಿಗೆ ಬಂದ, ಪೋಕ್ಸೊ ಎಂದು ಕರೆಯುವ ಕಾಯ್ದೆಯು ೧೮ ವರ್ಷ ತುಂಬದ ಹುಡುಗ ಹುಡುಗಿಯರಿಬ್ಬರಿಗೂ ಸಮನಾದ ರಕ್ಷಣೆಯನ್ನು ಕೊಟ್ಟಿದೆ. ಹೀಗೆ ಪೀಡಿಸುವವರು ಅಪರಿಚಿತರೇ ಆಗಿರಬೇಕೆಂದಿಲ್ಲ. ನೆಂಟರು, ನೆರೆಯವರು, ಪಾಠ ಹೇಳುವವರೂ ಆಗಿರುವುದುಂಟು. ಯಾರಿಗೂ ಹೇಳಬೇಡವೆಂದು ಅವರು ಮೊದಲು ಮಾತು ತೆಗೆದುಕೊಳ್ಳುತ್ತಾರೆ. ಅಂಥ ಮಾತನ್ನು ಉಳಿಸಿಕೊಳ್ಳಬೇಕಾದ ಹೊಣೆ ಯಾವ ಮಗುವಿಗೂ ಇಲ್ಲ. ತಪ್ಪು ಮಗುವಿನದೂ ಅಲ್ಲ. ನಂಬಿಕೆಯ ಹಿರಿಯರೊಬ್ಬರಿಗೆ ಹೇಳಬೇಕು. ಅವರು ಕಿವಿಗೊಡದಿದ್ದರೆ ಇನ್ನೊಬ್ಬರಿಗೆ ಹೇಳಬೇಕು. ಹಗಲಿರುಳೂ ಉಚಿತವಾಗಿ ಉತ್ತರಿಸುವ ಮಕ್ಕಳ ಸಹಾಯವಾಣಿಯ ಸಂಖ್ಯೆ ೧೦೯೮. ಇದನ್ನು ಶಾಲೆಯ ಗೋಡೆಯ ಮೇಲೆ ಬರೆಸಿರುತ್ತಾರೆ. ಅದು ಯಾತಕ್ಕೆಂದು ಮಾತ್ರ ಹೇಳಿರುವುದಿಲ್ಲ. ಮೊಬೈಲಿನಲ್ಲಿ ತನ್ನ ಚಿತ್ರವನ್ನು ಕಳುಹಿಸೆಂದು ಪೀಡಿಸುವವರನ್ನೂ, ಕಳುಹಿಸಿದ್ದನ್ನು ಹಂಚುವೆನೆಂದು ಬೆದರಿಸುವವರನ್ನೂ ಕುರಿತು ಇದೇ ಮಾತು ಸಲ್ಲುತ್ತದೆ.

ಹುಡುಗ ಹುಡುಗಿಯರು ಮಾತನಾಡಲೇಬಾರದೆಂಬ ಕಟ್ಟುಪಾಡಿನಿಂದ ಇದಕ್ಕೆಲ್ಲ ಪರಿಹಾರ ದೊರೆಯುವುದೆಂದು ಭಾವಿಸಿದ ಶಾಲೆಗಳುಂಟು. ಅಲ್ಲಿ ಹುಡುಗಿಯೊಬ್ಬಳಿಂದ ಗಣಿತದ ಟಿಪ್ಪಣಿ ಪುಸ್ತಕ ಪಡೆದ ಹುಡುಗನ ಹೆಸರು ಮಧ್ಯಾಹ್ನದ ಹೊತ್ತಿಗೆ ಶೌಚಾಲಯದ ಗೋಡೆಯ ಮೇಲೆ ಅವಳ ಹೆಸರಿನ ಪಕ್ಕದಲ್ಲಿ ಮೂಡಿರುತ್ತದೆ. ಸಂಜೆಗೆ ಆ ಸುದ್ದಿ ಅವಳ ಮನೆಯನ್ನು ಮುಟ್ಟುತ್ತದೆ. ಇದರ ಪರಿಣಾಮ ಇಬ್ಬರಿಗೂ ಒಂದೇ ಆಗಿರುವುದಿಲ್ಲ. ಅವನಿಗೆ ಹೆಚ್ಚೆಂದರೆ ಎರಡು ಏಟು. ಅವಳಿಗೆ ಓದೇ ನಿಲ್ಲಬಹುದು, ಗಂಡು ಹುಡುಕುವ ಮಾತು ಮೊದಲಾಗಬಹುದು. ಹೆಣ್ಣಿಗೆ ೧೮, ಗಂಡಿಗೆ ೨೧ ತುಂಬುವ ಮೊದಲು ಮದುವೆ ಮಾಡಬಾರದೆಂದು ೨೦೦೬ರ ಕಾಯ್ದೆ ಹೇಳುತ್ತದೆ. ಆದರೂ ಕದ್ದು ನಡೆಯುವ ಎಷ್ಟೋ ಬಾಲ್ಯವಿವಾಹಗಳ ಹಿಂದೆ, ಮಗಳು ಮೈನೆರೆದಳು, ಯಾರ ಬಾಯಿಗೂ ಬೀಳುವ ಮೊದಲು ದಾಟಿಸಿಬಿಡೋಣ ಎಂಬ ಹೆದರಿಕೆಯೇ ಇರುತ್ತದೆ. ಗೋಡೆಯ ಮೇಲೆ ವಿನೋದಕ್ಕೆ ಬರೆದವನಿಗೆ ಈ ಸಂಗತಿ ಗೊತ್ತಿರುವುದಿಲ್ಲ. ಗೊತ್ತಿದ್ದರೆ ಅವನ ಕೈಯಲ್ಲಿನ ಇದ್ದಿಲು ಒಂದು ಗಳಿಗೆ ತಡೆದೀತು. ಸ್ನೇಹ, ಆಕರ್ಷಣೆ, ಪ್ರೇಮ ಇವು ಮೂರೂ ಬೇರೆ ಬೇರೆ. ಆಕರ್ಷಣೆ ಉಂಟಾಗುವುದು ಪಾಪವಲ್ಲ, ಉಂಟಾದೊಡನೆ ಅದರ ಹಿಂದೆ ಓಡಬೇಕಾಗಿಯೂ ಇಲ್ಲ. ಮುಂದಿನದನ್ನು ಆಲೋಚಿಸಿ ತೀರ್ಮಾನಿಸುವ ಮಿದುಳಿನ ಭಾಗವು ಪೂರ್ಣವಾಗಿ ಬಲಿಯಲು ಇಪ್ಪತ್ತೈದರ ಹತ್ತಿರ ಬರಬೇಕೆಂದು ವಿಜ್ಞಾನವು ಹೇಳುತ್ತದೆ. ಹದಿನಾಲ್ಕರಲ್ಲಿ ಮಾಡಿದ ನಿಶ್ಚಯ ಇಪ್ಪತ್ತರಲ್ಲಿ ನಗೆ ತರಿಸುವುದಕ್ಕೆ ಇದೂ ಒಂದು ಕಾರಣ.

ಇದನ್ನೆಲ್ಲ ಹೇಳುವವರು ಯಾರು? ತಾಯಿ ಮಗಳಿಗೆ ಹೇಳಲಿ. ತಂದೆಯು ಮಗನಿಗೆ ಹೇಳಲಿ. ಹದಿನಾರಾದ ಮಗನನ್ನು ಗೆಳೆಯನಂತೆ ಕಾಣಬೇಕೆಂಬ ಹಳೆಯ ಮಾತನ್ನು ಹದಿಮೂರಕ್ಕೆ ಇಳಿಸಿಕೊಂಡರೆ ನಷ್ಟವೇನೂ ಇಲ್ಲ. ಮನೆಯಲ್ಲಿ ಹೇಳಲಾಗದ್ದನ್ನು ಶಾಲೆ ಹೇಳಬೇಕು. ಮೊದಲು ತಂದೆತಾಯಿಗಳ ಸಭೆ ಕರೆದು, ಏನನ್ನು, ಯಾವ ಮಾತಿನಲ್ಲಿ ಹೇಳುವೆವೆಂದು ಅವರಿಗೆ ತಿಳಿಸಿದರೆ ೨೦೦೭ರ ಗದ್ದಲ ಮರುಕಳಿಸಲಾರದು. ಹುಡುಗರಿಗೂ ಹುಡುಗಿಯರಿಗೂ ಮೊದಲು ಬೇರೆಬೇರೆಯಾಗಿ, ಸಂಕೋಚ ಕಳೆದ ಮೇಲೆ ಒಟ್ಟಾಗಿ ಹೇಳುವುದು ಮೇಲು. ಹುಡುಗರನ್ನು ಆಟದ ಬಯಲಿಗೆ ಕಳುಹಿಸಿ, ಹುಡುಗಿಯರನ್ನು ಮಾತ್ರ ಕೊಠಡಿಯಲ್ಲಿ ಕೂರಿಸಿ, ಬಾಗಿಲು ಹಾಕಿ ಮುಟ್ಟಿನ ವಿಷಯ ಹೇಳುವ ಪದ್ಧತಿ ಮೊದಲು ನಿಲ್ಲಬೇಕು. ಬಾಗಿಲ ಹೊರಗೆ ಉಳಿದವರೇ ನಾಳೆ ಅಣ್ಣಂದಿರು, ಗಂಡಂದಿರು, ಮುಖ್ಯೋಪಾಧ್ಯಾಯರು, ಕಾರ್ಖಾನೆಯ ಮೇಲ್ವಿಚಾರಕರು ಆಗುವವರು. ೨೦೧೩-೧೪ರಲ್ಲಿ ಕರ್ನಾಟಕ ಸರ್ಕಾರವು ಶಾಲಾ ಬಾಲಕಿಯರಿಗೆ ಉಚಿತವಾಗಿ ಸ್ಯಾನಿಟರಿ ಪ್ಯಾಡುಗಳನ್ನು ಕೊಡುವ ‘ಶುಚಿ’ ಯೋಜನೆಯನ್ನು ಆರಂಭಿಸಿತು. ಅದು ನಡುವೆ ಕೆಲವು ವರ್ಷ ನಿಂತು ಮತ್ತೆ ಚಾಲನೆ ಪಡೆಯಿತು. ಪ್ಯಾಡುಗಳಿರುವ ಬೀರುವಿನ ಬೀಗದ ಕೈ ಯಾರ ಬಳಿ ಇದೆ, ಅದನ್ನು ಕೇಳಲು ಹುಡುಗಿ ಎಷ್ಟು ಮಂದಿಯ ಮುಂದೆ ಹಾದುಹೋಗಬೇಕು, ಶೌಚಾಲಯದ ನಲ್ಲಿಯಲ್ಲಿ ನೀರು ಬರುವುದೇ, ಬಳಸಿದ್ದನ್ನು ಹಾಕಲು ಮುಚ್ಚಳವಿರುವ ಬುಟ್ಟಿ ಇದೆಯೇ ಎಂಬ ಸಣ್ಣ ಪ್ರಶ್ನೆಗಳಲ್ಲಿ ಯೋಜನೆಯ ಅರ್ಧ ಪ್ರಯೋಜನ ಅಡಗಿದೆ.

ಅನುಭವಿಗಳಾದ ಅಧ್ಯಾಪಕರು ಬಳಸುವ ಒಂದು ಸುಲಭೋಪಾಯವಿದೆ. ತರಗತಿಯ ಮೂಲೆಯಲ್ಲಿ ಬಾಯಿಗೆ ಸೀಳಿರುವ ರಟ್ಟಿನ ಪೆಟ್ಟಿಗೆಯೊಂದನ್ನು ಇಡುವುದು. ಯಾರು ಬೇಕಾದರೂ ಹೆಸರು ಬರೆಯದೆ ಪ್ರಶ್ನೆಯನ್ನು ಚೀಟಿಯಲ್ಲಿ ಬರೆದು ಹಾಕಬಹುದು. ಮೊದಲ ಸಲ ಪೆಟ್ಟಿಗೆ ತೆರೆದಾಗ ಕೆಲವು ಚೀಟಿಗಳಲ್ಲಿ ಪೋಲಿ ಮಾತುಗಳಿರುತ್ತವೆ. ಅಧ್ಯಾಪಕರು ಸಿಟ್ಟಾಗದೆ ಅವನ್ನು ಪಕ್ಕಕ್ಕಿಟ್ಟು ಉಳಿದವಕ್ಕೆ ಉತ್ತರಿಸಿದರೆ ಎರಡನೆಯ ಸಲ ಅವು ತಾವಾಗಿ ಕಡಿಮೆಯಾಗುತ್ತವೆ. ಆಮೇಲೆ ಬರುವ ಪ್ರಶ್ನೆಗಳು ಬಹಳ ಸಾಮಾನ್ಯವಾದವು. ನಾನೇಕೆ ಕುಳ್ಳಾಗಿದ್ದೇನೆ? ಮೊಡವೆ ಯಾವಾಗ ಹೋಗುವುದು? ಮುಟ್ಟಾದಾಗ ಓಟದ ಪಂದ್ಯದಲ್ಲಿ ಓಡಬಹುದೇ? ಅಮ್ಮನಿಗೆ ಹೇಗೆ ಹೇಳಲಿ? ಪೆಟ್ಟಿಗೆಯನ್ನು ತಿಂಗಳಿಗೊಮ್ಮೆ ತೆರೆದರೆ ಸಾಲದು, ವಾರಕ್ಕೊಮ್ಮೆಯಾದರೂ ತೆರೆಯಬೇಕು. ಚೀಟಿ ಹಾಕಿದ ಮಗು ಉತ್ತರಕ್ಕಾಗಿ ಅಲ್ಲಿಯೇ, ಯಾರಿಗೂ ಗುರುತು ಹತ್ತದಂತೆ, ಎಲ್ಲರ ನಡುವೆ ಕುಳಿತು ಕಾಯುತ್ತಿರುತ್ತದೆ.